ಊರು ಯಾವುದು, ನಗರ ಯಾವುದು: ಜಗತ್ತಿಗೆಲ್ಲ ಒಂದೇ ಅಳತೆ ಬೇಕೇ?

2020ರ ಮಾರ್ಚ್ ತಿಂಗಳಲ್ಲಿ ವಿಶ್ವಸಂಸ್ಥೆಯ ಅಂಕಿಅಂಶ ಆಯೋಗವು ನಗರ, ಪಟ್ಟಣ ಮತ್ತು ಗ್ರಾಮ ಪ್ರದೇಶಗಳನ್ನು ಗುರುತಿಸುವ ಒಂದು ಸಾಮಾನ್ಯ ವಿಧಾನವನ್ನು ಅನುಮೋದಿಸಿತು. ‘ನಗರೀಕರಣದ ಮಟ್ಟ’ ಎಂದು ಕರೆಯಬಹುದಾದ ಈ ವಿಧಾನವನ್ನು ಯುರೋಪಿಯನ್ ಒಕ್ಕೂಟ, ವಿಶ್ವಬ್ಯಾಂಕ್, ಆಹಾರ ಮತ್ತು ಕೃಷಿ ಸಂಸ್ಥೆ, ಅಂತರರಾಷ್ಟ್ರೀಯ ಕಾರ್ಮಿಕ ಸಂಸ್ಥೆ ಮುಂತಾದ ಆರು ಸಂಸ್ಥೆಗಳು ಕೂಡಿ ರೂಪಿಸಿದವು. ಇದರ ಪ್ರಕಾರ ನೆಲವನ್ನು ಒಂದೊಂದು ಚದರ ಕಿಲೋಮೀಟರಿನ ಚೌಕಗಳಾಗಿ ವಿಭಾಗಿಸಲಾಗುತ್ತದೆ. ಕನಿಷ್ಠ 1,500 ಜನರಿರುವ ಚೌಕಗಳು ಒಂದಕ್ಕೊಂದು ತಾಗಿಕೊಂಡು, ಒಟ್ಟು ಜನಸಂಖ್ಯೆ 50,000 ಮುಟ್ಟಿದರೆ ಅದು ನಗರ, ಕನಿಷ್ಠ 300 ಜನರಿರುವ ಚೌಕಗಳು ಕೂಡಿ 5,000 ಮುಟ್ಟಿದರೆ ಪಟ್ಟಣ ಅಥವಾ ಅರೆಸಾಂದ್ರ ಪ್ರದೇಶ, ಉಳಿದದ್ದೆಲ್ಲ ಗ್ರಾಮ. ಆಯೋಗವು ಇದನ್ನು ದೇಶಗಳ ನಡುವಣ ಹೋಲಿಕೆಗೆಂದು ಶಿಫಾರಸು ಮಾಡಿದೆಯೇ ಹೊರತು ಯಾವ ದೇಶದ ಸ್ವಂತ ವ್ಯಾಖ್ಯೆಯನ್ನೂ ರದ್ದುಪಡಿಸಿಲ್ಲ. ಹಾಗಿದ್ದರೂ ಒಂದು ಪ್ರಶ್ನೆ ಉಳಿಯುತ್ತದೆ: ದೇಶಗಳು ತಮ್ಮ ತಮ್ಮ ವಿಂಗಡಣೆಯನ್ನು ಬಿಟ್ಟು ಇದನ್ನೇ ತಮ್ಮದಾಗಿಸಿಕೊಳ್ಳಬೇಕೇ? ಎರಡೂ ವಾದಗಳನ್ನು ಅವುಗಳ ಪೂರ್ಣ ಬಲದೊಡನೆ ಮುಂದಿಡಲು ಯತ್ನಿಸಿದ್ದೇನೆ. ನನ್ನ ಒಲವು ಎರಡನೆಯದರ ಕಡೆಗಿದೆ ಎಂಬುದನ್ನು ಮೊದಲೇ ತಿಳಿಸುವುದು ನ್ಯಾಯ.

ಪರ: ಎಣಿಸುವವರೆಲ್ಲರೂ ಒಂದೇ ವಸ್ತುವನ್ನು ಎಣಿಸಬೇಕು

ಡೆನ್ಮಾರ್ಕ್ ಮತ್ತು ಸ್ವೀಡನ್ ದೇಶಗಳಲ್ಲಿ ಒತ್ತಾಗಿ ಕಟ್ಟಿದ ಮನೆಗಳಲ್ಲಿ 200 ಜನರಿದ್ದರೆ ಆ ಜಾಗವನ್ನು ಪಟ್ಟಣ ಪ್ರದೇಶವೆಂದು ಲೆಕ್ಕ ಹಿಡಿಯುತ್ತಾರೆ. ಪೆರು ದೇಶದಲ್ಲಿ ಒಂದಕ್ಕೊಂದು ಹೊಂದಿಕೊಂಡ ನೂರು ಮನೆಗಳಿದ್ದರೆ ಸಾಕು. ಅಮೆರಿಕ ಸಂಯುಕ್ತ ಸಂಸ್ಥಾನದ ಜನಗಣತಿಯು ಸುಮಾರು ಒಂದು ಶತಮಾನದ ಕಾಲ 2,500 ಜನರನ್ನು ಗಡಿಯಾಗಿ ಇಟ್ಟುಕೊಂಡಿದ್ದು, 2020ರ ಗಣತಿಗೆ ಅದನ್ನು 5,000 ಜನ ಅಥವಾ 2,000 ಮನೆಗಳಿಗೆ ಏರಿಸಿತು. ಭಾರತದಲ್ಲಿ 5,000 ಜನಸಂಖ್ಯೆಯ ಜೊತೆಗೆ ಇನ್ನೆರಡು ಷರತ್ತುಗಳಿವೆ. ಜಪಾನಿನಲ್ಲಿ ನಗರದ ಸ್ಥಾನ ಪಡೆಯಲು ಸಾಮಾನ್ಯವಾಗಿ 50,000 ಜನರಿರಬೇಕು. ಹೀಗೆ ಬೇರೆ ಬೇರೆ ದೇಶಗಳು ಬೇರೆ ಬೇರೆ ಅರ್ಥದಲ್ಲಿ ಕೊಟ್ಟ ಸಂಖ್ಯೆಗಳನ್ನು ಕೂಡಿಸಿಯೇ ವಿಶ್ವಸಂಸ್ಥೆಯು 2018ರಲ್ಲಿ ಜಗತ್ತಿನ 55 ಶೇಕಡಾ ಜನರು ನಗರವಾಸಿಗಳೆಂದು ಹೇಳಿತು. ಅದೇ ಕಾಲಕ್ಕೆ ಚೌಕಗಳ ವಿಧಾನದಿಂದ ಲೆಕ್ಕ ಹಾಕಿದ ಯುರೋಪಿಯನ್ ಆಯೋಗದ ಸಂಶೋಧಕರಿಗೆ ನಗರ ಮತ್ತು ಪಟ್ಟಣಗಳೆರಡೂ ಸೇರಿ ಸಿಕ್ಕ ಪ್ರಮಾಣ 84 ಶೇಕಡಾ. ಎರಡು ಉತ್ತರಗಳ ನಡುವಿನ ಅಂತರ ಇನ್ನೂರು ಕೋಟಿಗೂ ಹೆಚ್ಚು ಜನರದ್ದು. ಇಷ್ಟು ದೊಡ್ಡ ಅನಿಶ್ಚಿತತೆಯನ್ನು ಇಟ್ಟುಕೊಂಡು ನಗರಗಳ ಕುಡಿಯುವ ನೀರು, ಸಾರಿಗೆ, ವಸತಿಗಳ ಕುರಿತು ಜಾಗತಿಕ ಗುರಿಗಳನ್ನು ಹಾಕಿಕೊಂಡರೆ, ಯಾವ ದೇಶ ಮುಂದೆ ಸಾಗಿದೆ, ಯಾವುದು ಹಿಂದುಳಿದಿದೆ ಎಂದು ಹೇಳುವುದಾದರೂ ಹೇಗೆ?

ಆಡಳಿತದ ಗಡಿಗಳನ್ನು ನಂಬಿದರೆ ತೊಡಕು ಇನ್ನೂ ಹೆಚ್ಚುತ್ತದೆ. ಚೀನಾದ ಚೊಂಗ್‌ಚಿಂಗ್ ಅನ್ನು ಜಗತ್ತಿನ ಅತಿ ದೊಡ್ಡ ನಗರವೆಂದು ಹಲವರು ಬರೆಯುವುದುಂಟು; 2020ರ ಗಣತಿಯಲ್ಲಿ ಅದರ ಜನಸಂಖ್ಯೆ ಮೂರು ಕೋಟಿ ಇಪ್ಪತ್ತು ಲಕ್ಷ. ಆದರೆ ಆ ‘ನಗರ’ದ ವಿಸ್ತೀರ್ಣ ಸುಮಾರು 82,000 ಚದರ ಕಿಲೋಮೀಟರ್, ಅಂದರೆ ಕರ್ನಾಟಕದ ಐದರಲ್ಲಿ ಎರಡು ಭಾಗಕ್ಕಿಂತ ಹೆಚ್ಚು. ಅದರೊಳಗೆ ಬೆಟ್ಟಗಳಿವೆ, ಗದ್ದೆಗಳಿವೆ, ನೂರಾರು ಹಳ್ಳಿಗಳಿವೆ. ಜಪಾನಿನ ತಕಯಾಮಾ ಊರು 2005ರಲ್ಲಿ ಸುತ್ತಲಿನ ಊರುಗಳನ್ನು ಸೇರಿಸಿಕೊಂಡು 2,177 ಚದರ ಕಿಲೋಮೀಟರಿನ ‘ನಗರ’ವಾಯಿತು, ಅದರ ಬಹುಭಾಗ ಕಾಡು.

ನೇಪಾಳದ ಉದಾಹರಣೆ ಇನ್ನೂ ಕಣ್ಣು ತೆರೆಸುವಂಥದ್ದು. 2011ರ ಗಣತಿಯಲ್ಲಿ ಆ ದೇಶದ ನಗರ ಜನಸಂಖ್ಯೆ ಸುಮಾರು 17 ಶೇಕಡಾ ಇತ್ತು. ಆ ಮೇಲೆ ಸ್ಥಳೀಯ ಆಡಳಿತವನ್ನು ಹೊಸದಾಗಿ ರಚಿಸಿ, 58 ಇದ್ದ ನಗರಪಾಲಿಕೆಗಳನ್ನು 293ಕ್ಕೆ ಏರಿಸಲಾಯಿತು. 2021ರ ಗಣತಿಯ ಹೊತ್ತಿಗೆ 66 ಶೇಕಡಾ ಜನರು ನಗರಪಾಲಿಕೆಗಳ ವ್ಯಾಪ್ತಿಯೊಳಗಿದ್ದರು. ಹತ್ತು ವರ್ಷಗಳಲ್ಲಿ ಅರ್ಧ ದೇಶ ಊರು ಬಿಟ್ಟು ನಗರಕ್ಕೆ ನಡೆದಿರಲಿಲ್ಲ. ಅವರ ಹೊಲ ಮನೆಗಳು ಇದ್ದಲ್ಲಿಯೇ ಇದ್ದವು. ಅಲ್ಲಿನ ಅಂಕಿಅಂಶ ಕಚೇರಿಯೇ ಬಳಿಕ ವಾರ್ಡುಗಳನ್ನು ಬೇರೆಯಾಗಿ ವಿಂಗಡಿಸಿ ನೋಡಿದಾಗ ನಿಜವಾದ ನಗರವೆಂದು ಹೇಳಬಹುದಾದ ಪ್ರದೇಶಗಳಲ್ಲಿದ್ದವರು ಸುಮಾರು 27 ಶೇಕಡಾ ಮಾತ್ರ ಎಂದು ಕಂಡುಬಂತು.

ಇಲ್ಲಿಯವರೆಗೆ ಹೇಳಿದ್ದು ಗೊಂದಲದ ಮಾತು. ವ್ಯಾಖ್ಯೆಯ ಅಧಿಕಾರವನ್ನು ಸರ್ಕಾರಗಳಿಗೇ ಬಿಟ್ಟರೆ ಅನ್ಯಾಯಕ್ಕೂ ದಾರಿಯಾಗುತ್ತದೆ. ವರ್ಣಭೇದ ನೀತಿಯ ಕಾಲದ ದಕ್ಷಿಣ ಆಫ್ರಿಕಾದಲ್ಲಿ ಕರಿಯರನ್ನು ನಗರಗಳಿಂದ ಹೊರದಬ್ಬಿ ‘ತಾಯ್ನೆಲ’ಗಳೆಂಬ ಪ್ರದೇಶಗಳಲ್ಲಿ ತುಂಬಲಾಯಿತು. ಪ್ರಿಟೋರಿಯಾದ ಈಶಾನ್ಯಕ್ಕಿದ್ದ ಕ್ವಾಂಡೆಬೆಲೆಯಂಥ ಕಡೆ ಲಕ್ಷಾಂತರ ಜನರು ಒತ್ತೊತ್ತಾಗಿ ನೆಲೆಸಿ, ನಸುಕಿಗಿಂತ ಮೊದಲೇ ಬಸ್ಸು ಹತ್ತಿ ನಗರದ ಕೂಲಿಗೆ ಹೋಗಿ ರಾತ್ರಿ ಮರಳುತ್ತಿದ್ದರು. ಅವರ ಬದುಕು ಪೂರ್ತಿ ನಗರವನ್ನೇ ಅವಲಂಬಿಸಿತ್ತು, ಆದರೆ ಅವರ ನೆಲೆಯನ್ನು ನಗರವೆಂದು ಒಪ್ಪಿದರೆ ನಗರದ ನೀರು, ಚರಂಡಿ, ವಿದ್ಯುತ್ತಿನ ಹಕ್ಕನ್ನೂ ಒಪ್ಪಬೇಕಾಗುತ್ತಿತ್ತು. ಯಾವ ಸರ್ಕಾರವೂ ಬದಲಿಸಲಾಗದ ಹೊರಗಿನ ಅಳತೆಯೊಂದು ಅಂದು ಇದ್ದಿದ್ದರೆ ಆ ಜನಸಾಂದ್ರತೆಯನ್ನು ಗ್ರಾಮವೆಂಬ ಹೆಸರಿನ ಹಿಂದೆ ಬಚ್ಚಿಡಲಾಗುತ್ತಿರಲಿಲ್ಲ.

ಭಾರತದ ವ್ಯಾಖ್ಯೆಯೂ ಪಕ್ಷಪಾತದಿಂದ ಮುಕ್ತವಲ್ಲ. 5,000 ಜನ, ಚದರ ಕಿಲೋಮೀಟರಿಗೆ 400ರ ಸಾಂದ್ರತೆ, ಜೊತೆಗೆ ದುಡಿಯುವ ಗಂಡಸರಲ್ಲಿ 75 ಶೇಕಡಾ ಮಂದಿ ಕೃಷಿಯೇತರ ಕೆಲಸದಲ್ಲಿರಬೇಕು ಎಂಬ ಷರತ್ತುಗಳು 1961ರ ಗಣತಿಯಿಂದ ಹೆಚ್ಚುಕಡಿಮೆ ಹಾಗೆಯೇ ಉಳಿದಿವೆ. ಮೂರನೆಯ ಷರತ್ತಿನಲ್ಲಿ ಹೆಂಗಸರ ದುಡಿಮೆಗೆ ಲೆಕ್ಕವೇ ಇಲ್ಲ. ಬೀಡಿ ಕಟ್ಟುವ, ಗಾರ್ಮೆಂಟ್ಸ್ ಕಾರ್ಖಾನೆಗೆ ಹೋಗುವ ಹೆಂಗಸರಿಂದಲೇ ಒಂದು ಊರು ಬದಲಾಗಿದ್ದರೂ ಗಣತಿಯ ಕಣ್ಣಿಗೆ ಆ ಬದಲಾವಣೆ ಬೀಳುವುದಿಲ್ಲ. ಇನ್ನು ರಾಜ್ಯಗಳ ಕೈಯಲ್ಲಿರುವ ಶಾಸನಬದ್ಧ ಸ್ಥಾನವಂತೂ ಅನುದಾನದ ಗಾಳಿ ಬೀಸಿದ ಕಡೆ ವಾಲುತ್ತದೆ: 2004ರಲ್ಲಿ ತಮಿಳುನಾಡು ಐನೂರಕ್ಕೂ ಹೆಚ್ಚು ಪಟ್ಟಣ ಪಂಚಾಯಿತಿಗಳನ್ನು ಗ್ರಾಮಾಭಿವೃದ್ಧಿಯ ಹಣ ದೊರೆಯಲೆಂದು ಗ್ರಾಮ ಪಂಚಾಯಿತಿಗಳೆಂದು ಮರುವಿಂಗಡಿಸಿ, ಎರಡೇ ವರ್ಷಗಳಲ್ಲಿ ಮತ್ತೆ ಪಟ್ಟಣಗಳನ್ನಾಗಿಸಿತು. ಚೌಕಗಳ ವಿಧಾನಕ್ಕೆ ಅನುದಾನದ ಆಸೆಯೂ ಇಲ್ಲ, ಚುನಾವಣೆಯ ಭಯವೂ ಇಲ್ಲ.

ವಿರೋಧ: ವಿಂಗಡಣೆಯೆಂದರೆ ಎಣಿಕೆ ಮಾತ್ರವಲ್ಲ

ಮೊದಲು ಚೌಕದ ಲೆಕ್ಕವನ್ನೇ ನೋಡೋಣ. ಪಟ್ಟಣ ಅಥವಾ ಅರೆಸಾಂದ್ರ ಪ್ರದೇಶವೆನಿಸಲು ಬೇಕಾದ ಸಾಂದ್ರತೆ ಚದರ ಕಿಲೋಮೀಟರಿಗೆ 300. 2011ರ ಗಣತಿಯಲ್ಲಿ ಕಾಡು, ಮರುಭೂಮಿ, ಹಿಮಾಲಯಗಳನ್ನೆಲ್ಲ ಸೇರಿಸಿಯೂ ಇಡೀ ಭಾರತದ ಸರಾಸರಿ ಸಾಂದ್ರತೆ 382. ಎಂದರೆ ಆ ಗಡಿಯು ಜನವಿರಳ ನಾಡುಗಳಲ್ಲಿ ಪಟ್ಟಣವನ್ನು ಹಳ್ಳಿಯಿಂದ ಬೇರ್ಪಡಿಸಬಹುದು. ನಮ್ಮಲ್ಲಿ ಅದು ಉಳುಮೆಯ ನೆಲವನ್ನೇ ಪಟ್ಟಣದ ಪಾಲಿಗೆ ಹಾಕುತ್ತದೆ. ಬಿಹಾರವನ್ನೂ ಕೇರಳವನ್ನೂ ಅಕ್ಕಪಕ್ಕದಲ್ಲಿಟ್ಟು ನೋಡಿದರೆ ಇದು ಸ್ಪಷ್ಟವಾಗುತ್ತದೆ. 2011ರಲ್ಲಿ ಬಿಹಾರದ ಸಾಂದ್ರತೆ 1,106, ಕೇರಳದ್ದು 860. ಜನರ ಒತ್ತಣೆಯನ್ನಷ್ಟೇ ನೋಡುವ ಅಳತೆಗೆ ಇವೆರಡೂ ಒಂದೇ ಬಗೆಯ ನಾಡುಗಳು. ಬಿಹಾರವೇ ಒಂದು ಕೈ ಮೇಲು. ಆದರೆ ಗಂಗೆಯ ಬಯಲಿನ ಕಿಕ್ಕಿರಿದ ಹಳ್ಳಿಯ ಕುಟುಂಬ ಭತ್ತ, ಗೋಧಿ, ಮೆಕ್ಕೆಜೋಳಗಳನ್ನೇ ನೆಚ್ಚಿಕೊಂಡಿದೆ. ಕೇರಳದಲ್ಲಿ ತೆಂಗಿನ ತೋಟದ ನಡುವೆ ಮನೆ ಕಟ್ಟಿಕೊಂಡವರಲ್ಲಿ ಬಹುಪಾಲು ಜನರು ಅಂಗಡಿ, ಕಚೇರಿ, ಕಟ್ಟಡ ಕೆಲಸ ಮತ್ತು ಕೊಲ್ಲಿ ರಾಷ್ಟ್ರಗಳಿಂದ ಬರುವ ಹಣದಿಂದ ಬಾಳುತ್ತಿದ್ದಾರೆ. ದುಡಿಮೆಯನ್ನೂ ಕೇಳುವ ಭಾರತದ ವ್ಯಾಖ್ಯೆಯು ಬಿಹಾರದಲ್ಲಿ 11 ಶೇಕಡಾ ಜನರನ್ನೂ ಕೇರಳದಲ್ಲಿ ಸುಮಾರು 48 ಶೇಕಡಾ ಜನರನ್ನೂ ನಗರವಾಸಿಗಳೆಂದು ಗುರುತಿಸಿತು. ಈ ವ್ಯತ್ಯಾಸವೇ ನಿಜವಾದ ಸುದ್ದಿ, ಮತ್ತು ಅದನ್ನು ಅಳಿಸಿಹಾಕುವ ಅಳತೆಯನ್ನು ಹೆಚ್ಚು ವೈಜ್ಞಾನಿಕವೆಂದು ಒಪ್ಪಲು ನನಗೆ ಕಾರಣ ಕಾಣುವುದಿಲ್ಲ. ಹೆಂಗಸರ ದುಡಿಮೆಯನ್ನು ಬಿಟ್ಟಿರುವುದು ದೊಡ್ಡ ಲೋಪವೇ. ಅದಕ್ಕೆ ಪರಿಹಾರ ಅವರ ದುಡಿಮೆಯನ್ನೂ ಸೇರಿಸಿಕೊಳ್ಳುವುದು, ದುಡಿಮೆಯ ಪ್ರಶ್ನೆಯನ್ನೇ ಕೈಬಿಡುವುದಲ್ಲ.

ಜನ ಕಡಿಮೆ ಇರುವ ಕಡೆ ತಪ್ಪು ಇನ್ನೊಂದು ದಿಕ್ಕಿಗೆ ಹೊರಳುತ್ತದೆ. ಐಸ್‌ಲ್ಯಾಂಡಿನ ವಾಯವ್ಯ ಕೊಲ್ಲಿಗಳ ನಡುವಿನ ಈಸಾಫ್ಯೋರ್ದುರ್ ಮೂರು ಸಾವಿರದೊಳಗಿನ ಜನರ ಊರು. ಆಸ್ಪತ್ರೆ, ಬಂದರು, ಸರ್ಕಾರಿ ಕಚೇರಿಗಳೆಲ್ಲ ಅಲ್ಲಿಯೇ ಇರುವುದರಿಂದ ಆ ವಿಶಾಲ ಸೀಮೆಗೆ ಅದೇ ಪೇಟೆ. ಚೌಕಗಳ ವಿಧಾನದ ಮೂರು ಮುಖ್ಯ ವರ್ಗಗಳಲ್ಲಿ ಅದು ಗ್ರಾಮದ ಪಾಲಾಗುತ್ತದೆ. ನಮ್ಮ ಮಲೆನಾಡಿನ ಸಣ್ಣ ತಾಲ್ಲೂಕು ಕೇಂದ್ರಗಳನ್ನು ಬಲ್ಲವರಿಗೆ ಇದು ಹೊಸ ಮಾತಲ್ಲ: ಸಂತೆ, ನ್ಯಾಯಾಲಯ, ಕಾಲೇಜು, ಬಸ್ ನಿಲ್ದಾಣಗಳಿಗಾಗಿ ಸುತ್ತಲಿನ ಹತ್ತಾರು ಹಳ್ಳಿಗಳು ನೆಚ್ಚಿಕೊಂಡಿರುವ ಜಾಗದ ತೂಕವು ಅಲ್ಲಿ ರಾತ್ರಿ ಮಲಗುವವರ ಸಂಖ್ಯೆಯಿಂದ ತಿಳಿಯುವುದಿಲ್ಲ.

ಈಗ ಮುಖ್ಯ ವಿಷಯಕ್ಕೆ ಬರುತ್ತೇನೆ. ಭಾರತದಲ್ಲಿ ಒಂದು ಊರಿಗೆ ಗ್ರಾಮ ಅಥವಾ ಪಟ್ಟಣವೆಂಬ ಹೆಸರು ಬಂದೊಡನೆ ಅದರ ಜೊತೆಗೆ ಕಾನೂನುಗಳ ಒಂದು ಕಟ್ಟೇ ಬರುತ್ತದೆ. ಸಂವಿಧಾನದ 73ನೇ ತಿದ್ದುಪಡಿ ಗ್ರಾಮ ಪಂಚಾಯಿತಿಗೆ, 74ನೇ ತಿದ್ದುಪಡಿ ಪುರಸಭೆ ನಗರಸಭೆಗಳಿಗೆ. 2005ರ ಗ್ರಾಮೀಣ ಉದ್ಯೋಗ ಖಾತರಿ ಕಾಯ್ದೆಯು ನೂರು ದಿನಗಳ ಕೆಲಸದ ಹಕ್ಕನ್ನು ಕೊಟ್ಟದ್ದು ಗ್ರಾಮೀಣ ಕುಟುಂಬಗಳಿಗೆ ಮಾತ್ರ. ವಸತಿ ಯೋಜನೆ, ಆಸ್ತಿ ತೆರಿಗೆ, ಕಟ್ಟಡ ಪರವಾನಗಿ, ಎಲ್ಲವೂ ಎರಡು ಕಡೆ ಬೇರೆ ಬೇರೆ. ಕರ್ನಾಟಕದಲ್ಲಿ ಜನಸಂಖ್ಯೆ 10,000 ದಾಟಿದ ಊರು ಪಟ್ಟಣ ಪಂಚಾಯಿತಿಯಾಗಬಹುದು, 20,000 ದಾಟಿದರೆ ಪುರಸಭೆ, 50,000 ದಾಟಿದರೆ ನಗರಸಭೆ, ಮೂರು ಲಕ್ಷದ ಮೇಲೆ ಮಹಾನಗರ ಪಾಲಿಕೆ. ಆದರೆ ಸಂವಿಧಾನದ 243ಕ್ಯೂ ವಿಧಿ ಜನಸಂಖ್ಯೆಯನ್ನಷ್ಟೇ ನೋಡಿ ತೀರ್ಮಾನಿಸಲು ಹೇಳುವುದಿಲ್ಲ. ಸಾಂದ್ರತೆ, ಸ್ಥಳೀಯ ಆಡಳಿತಕ್ಕೆ ಬರುವ ಆದಾಯ, ಕೃಷಿಯೇತರ ಉದ್ಯೋಗದ ಪ್ರಮಾಣ, ಆರ್ಥಿಕ ಮಹತ್ವ ಇವುಗಳನ್ನೂ ಪರಿಗಣಿಸಲು ಹೇಳುತ್ತದೆ. ತೆರಿಗೆಯ ಹೊರೆ ಹೆಚ್ಚುವುದೆಂದೂ ಕೂಲಿಯ ಹಕ್ಕು ತಪ್ಪುವುದೆಂದೂ ಹೆದರಿದ ಹಳ್ಳಿಯವರು ಇಂಥ ತೀರ್ಮಾನವನ್ನು ಪ್ರಶ್ನಿಸಬಹುದು, ಆಕ್ಷೇಪಣೆ ಸಲ್ಲಿಸಬಹುದು, ನ್ಯಾಯಾಲಯಕ್ಕೆ ಹೋಗಬಹುದು. ಚೌಕದ ಲೆಕ್ಕಕ್ಕೆ ಆಕ್ಷೇಪಣೆ ಸಲ್ಲಿಸುವುದು ಯಾರಲ್ಲಿ? ಎಷ್ಟೋ ಕಡೆ ಆ ಲೆಕ್ಕವೇ ಅಂದಾಜು: ಗಣತಿಯ ಸಂಖ್ಯೆಯನ್ನು ಉಪಗ್ರಹ ಚಿತ್ರದಲ್ಲಿ ಕಂಡ ಕಟ್ಟಡಗಳ ಆಧಾರದ ಮೇಲೆ ಚೌಕಗಳಿಗೆ ಹಂಚಲಾಗಿರುತ್ತದೆ.

ಹೆಸರಿನ ಜೊತೆ ಹಕ್ಕು ಹೇಗೆ ಅಂಟಿಕೊಂಡಿರುತ್ತದೆ ಎಂಬುದನ್ನು ನಮ್ಮ ನಾಡಿನ ತಾಂಡಾ ಮತ್ತು ಹಟ್ಟಿಗಳಷ್ಟು ಚೆನ್ನಾಗಿ ಬೇರಾವುದೂ ತೋರಿಸಲಾರದು. ಕಂದಾಯ ದಾಖಲೆಗಳಲ್ಲಿ ಬೇಚರಾಕ್ ಗ್ರಾಮಗಳೆಂಬ ವರ್ಗವಿದೆ. ಅವುಗಳಿಗೆ ಹೆಸರಿದೆ, ಸರ್ವೆ ನಂಬರುಗಳಿವೆ, ಗಡಿಯಿದೆ, ಆದರೆ ವಾಸವಿರುವ ಜನರಿಲ್ಲ. ಇದಕ್ಕೆ ತದ್ವಿರುದ್ಧವಾಗಿ ಲಂಬಾಣಿ ತಾಂಡಾ, ಗೊಲ್ಲರಹಟ್ಟಿ, ಹಾಡಿ, ದೊಡ್ಡಿ, ಪಾಳ್ಯ, ಕ್ಯಾಂಪುಗಳಲ್ಲಿ ತಲೆಮಾರುಗಳಿಂದ ಜನರು ಬಾಳಿದ್ದರೂ ದಾಖಲೆಯಲ್ಲಿ ಅವು ಊರೇ ಆಗಿರಲಿಲ್ಲ. ಮನೆ ಕಟ್ಟಿದ ನೆಲ ಖಾಸಗಿಯವರ ಅಥವಾ ಸರ್ಕಾರದ ಹೆಸರಿನಲ್ಲಿ ಇರುತ್ತಿದ್ದುದರಿಂದ ಮನೆಗೆ ಹಕ್ಕುಪತ್ರವಿಲ್ಲ, ಹಕ್ಕುಪತ್ರವಿಲ್ಲದ್ದರಿಂದ ಬ್ಯಾಂಕಿನ ಸಾಲವಿಲ್ಲ; ಮನೆಯ ಮುಂದಿನ ದಾರಿಯೂ ಬೇರೊಬ್ಬರ ಹೊಲದ ಭಾಗ. ಭೂಸುಧಾರಣಾ ಕಾಯ್ದೆಗೆ 38ಎ ಪ್ರಕರಣವನ್ನು ಸೇರಿಸಿ, ಇಂಥ ದಾಖಲೆರಹಿತ ಜನವಸತಿಗಳನ್ನು ಕಂದಾಯ ಗ್ರಾಮಗಳನ್ನಾಗಿ ಘೋಷಿಸುವ ದಾರಿ ತೆರೆದ ಮೇಲೆಯೇ ಅಲ್ಲಿನವರಿಗೆ ಹಕ್ಕುಪತ್ರ ದೊರೆಯತೊಡಗಿತು. 2023ರ ಜನವರಿಯಲ್ಲಿ ಕಲಬುರಗಿ ಜಿಲ್ಲೆಯ ಮಳಖೇಡದಲ್ಲಿ ನಡೆದ ಸಮಾರಂಭವೊಂದರಲ್ಲಿಯೇ ಬೀದರ್, ಕಲಬುರಗಿ, ಯಾದಗಿರಿ, ರಾಯಚೂರು, ವಿಜಯಪುರ ಜಿಲ್ಲೆಗಳ ಐವತ್ತು ಸಾವಿರದಷ್ಟು ಕುಟುಂಬಗಳಿಗೆ ಅದನ್ನು ವಿತರಿಸಲಾಯಿತು. ಒಂದು ಚದರ ಕಿಲೋಮೀಟರಿನ ಚೌಕದಲ್ಲಿ ತಾಂಡಾದ ಜನರು ಎಣಿಕೆಗೆ ಸಿಗುತ್ತಾರೆ, ನಿಜ. ಆದರೆ ‘ಗ್ರಾಮ’ ಎಂಬ ಆ ವರ್ಗದಲ್ಲಿ ದಾಖಲೆಯಿರುವ ಊರಿಗೂ ದಾಖಲೆಯಿಲ್ಲದ ತಾಂಡಾಕ್ಕೂ ವ್ಯತ್ಯಾಸವೇ ಇರುವುದಿಲ್ಲ. ಆ ವ್ಯತ್ಯಾಸವನ್ನು ಕಾಣಬಲ್ಲದ್ದು ಈ ನಾಡಿನ ಕಂದಾಯ ಪದ್ಧತಿಯನ್ನು ಒಳಗಿನಿಂದ ಬಲ್ಲ ವಿಂಗಡಣೆ ಮಾತ್ರ.

ದಕ್ಷಿಣ ಆಫ್ರಿಕಾದ ಉದಾಹರಣೆ ಗಂಭೀರವಾದದ್ದು, ಅದನ್ನು ತಳ್ಳಿಹಾಕುವಂತಿಲ್ಲ. ಆದರೆ ಅಲ್ಲಿ ಕ್ವಾಂಡೆಬೆಲೆಯ ಒತ್ತಣೆ ಯಾರಿಗೂ ಗೊತ್ತಿಲ್ಲದ ಗುಟ್ಟಾಗಿರಲಿಲ್ಲ. ಜನರಿಗೆ ಮತವಿಲ್ಲದ್ದು ಅಲ್ಲಿನ ಅನ್ಯಾಯದ ಮೂಲ. ಜಪಾನ್ ತನ್ನ ಗಡಿಗಳ ತೊಡಕನ್ನು ಹೊರಗಿನವರಿಗೆ ಕಾಯದೆ 1960ರಲ್ಲಿಯೇ ಬಿಡಿಸಿಕೊಂಡಿತು: ಚದರ ಕಿಲೋಮೀಟರಿಗೆ 4,000ರ ಸಾಂದ್ರತೆಯ ಪ್ರದೇಶಗಳನ್ನು ಗಣತಿಯಲ್ಲಿ ಪ್ರತ್ಯೇಕವಾಗಿ ಗುರುತಿಸಿತು. ಆ ಗಡಿ ಜಪಾನಿನ ಕಿಕ್ಕಿರಿದ ಬಯಲುಗಳಿಗೆ ತಕ್ಕದ್ದು. ಐಸ್‌ಲ್ಯಾಂಡಿಗೆ ಅದನ್ನು ಯಾರೂ ಸೂಚಿಸಲಾರರು. ನೇಪಾಳದ ಮರುವಿಂಗಡಣೆಯನ್ನು ಮಾಡಿದ್ದು ಕೂಡ ನೇಪಾಳದ ಕಚೇರಿಯೇ, ಮತ್ತು ಅದು ನಗರ ಹಾಗೂ ಗ್ರಾಮಗಳ ನಡುವೆ ಅರೆನಗರವೆಂಬ ವರ್ಗವನ್ನು ಇಟ್ಟುಕೊಂಡಿತು. ದೇಶಗಳನ್ನು ಹೋಲಿಸುವ ಕೋಷ್ಟಕಕ್ಕೆ ಒಂದೇ ಅಳತೆ ಇರಲಿ, ಅದಕ್ಕೆ ನನ್ನ ತಕರಾರಿಲ್ಲ. ಅದು ಕೋಷ್ಟಕವನ್ನು ದಾಟಿ ಅನುದಾನ ಮತ್ತು ಆಡಳಿತದ ಆಧಾರವಾಗುವುದನ್ನು ಮಾತ್ರ ಒಪ್ಪಲಾಗದು.

ಭಾರತಕ್ಕೆ ಈಗ ತುರ್ತಾಗಿ ಬೇಕಾದದ್ದು ಬೇರೆಯೇ. 2001ರಲ್ಲಿ 1,362 ಇದ್ದ ಜನಗಣತಿ ಪಟ್ಟಣಗಳು 2011ರಲ್ಲಿ 3,894 ಆದವು. ನಮ್ಮದೇ ಮೂರು ಷರತ್ತುಗಳನ್ನು ಪೂರೈಸಿದ್ದರೂ ರಾಜ್ಯ ಸರ್ಕಾರಗಳು ಅಧಿಸೂಚನೆ ಹೊರಡಿಸದೆ ಇದ್ದುದರಿಂದ ಅವು ಗ್ರಾಮ ಪಂಚಾಯಿತಿಯ ಕೈಯಲ್ಲಿಯೇ ಉಳಿದು, ಒಳಚರಂಡಿಯಿಲ್ಲದೆ, ಯೋಜನೆಯಿಲ್ಲದೆ ಬೆಳೆದವು. ಇವುಗಳ ಮೇಲೆ ನಾಲ್ಕನೆಯ ಅಳತೆಯೊಂದನ್ನು ಹಾಕಿದರೆ ಒಂದು ಚರಂಡಿಯೂ ಹೆಚ್ಚಾಗುವುದಿಲ್ಲ. ಗಣತಿಯು ಪಟ್ಟಣವೆಂದು ಗುರುತಿಸಿದ ಪ್ರತಿಯೊಂದು ಊರಿನ ಗ್ರಾಮಸಭೆಯ ಅಭಿಪ್ರಾಯವನ್ನು ರಾಜ್ಯ ಸರ್ಕಾರ ಕೇಳಬೇಕು. ಗೊತ್ತುಪಡಿಸಿದ ಅವಧಿಯೊಳಗೆ ಅದನ್ನು ಪಟ್ಟಣ ಪಂಚಾಯಿತಿ ಮಾಡಬೇಕು, ಇಲ್ಲವೇ ಮಾಡದಿರುವ ಕಾರಣವನ್ನು ಲಿಖಿತವಾಗಿ ಪ್ರಕಟಿಸಬೇಕು. ಮಾಡಿದಲ್ಲಿ ಕೂಲಿಕಾರರಿಗೆ ಹಳ್ಳಿಯಲ್ಲಿದ್ದಾಗ ಸಿಗುತ್ತಿದ್ದ ಕೆಲಸದ ಖಾತರಿಯನ್ನು ಕೆಲವು ವರ್ಷಗಳ ಮಟ್ಟಿಗಾದರೂ ಮುಂದುವರಿಸಬೇಕು. ಮುಂದಿನ ಗಣತಿಯ ಪಟ್ಟಿ ಹೊರಬೀಳುವ ಮೊದಲೇ ರಾಜ್ಯಗಳು ಈ ನಿಯಮವನ್ನು ಶಾಸನದಲ್ಲಿ ಸೇರಿಸಿಕೊಳ್ಳಲು ಅಡ್ಡಿಯೇನೂ ಇಲ್ಲ.