“ಪರಿಗಣಿಸಿ” ಅಂದರೆ ಕೊಡಿ ಅಂತಲ್ಲ

“ಕಂಟೆಂಪ್ಟ್ ಹಾಕ್ತೀನಿ ಮಾರಾಯ, ಆ ಸಾಹೇಬನ್ನ ಒಳಗೆ ಹಾಕಿಸದೆ ಬಿಡಲ್ಲ” ಅಂತ ಸಾಗರದ ಚಿಕ್ಕಪ್ಪ ಕಳೆದ ವಾರ ಫೋನ್ ಮಾಡಿದ್ದರು. ಕಂಟೆಂಪ್ಟ್ ಅಂದರೆ ನ್ಯಾಯಾಂಗ ನಿಂದನೆ ಕೇಸು; ಕೋರ್ಟ್ ಹೇಳಿದ್ದನ್ನು ಇಲಾಖೆಯವರು ಮಾಡಲಿಲ್ಲ ಅಂತ. ಸಿಟ್ಟು ಬರುವಂಥದ್ದೇ. ಗದ್ದೆ, ಅದರ ಮೇಲಿನ ಅರ್ಧ ಎಕರೆ ಅಡಿಕೆ ತೋಟ, ಎರಡೂ ಯೋಜನೆಗೆ ಹೋದವು. ಮನೆಗೊಂದು ಕೆಲಸ ಅಂತ ಸಭೆಯಲ್ಲಿ ಮಾತು ಕೊಟ್ಟಿದ್ದರು. ಆ ಸಭೆಯ ನಡಾವಳಿಯ ಜೆರಾಕ್ಸ್ ಹಳೇ ಪಹಣಿ ಜೊತೆ ಪ್ಲಾಸ್ಟಿಕ್ ಕವರಿನಲ್ಲಿದೆ. ಬಿಚ್ಚಿ ಮಡಿಸಿ, ಬಿಚ್ಚಿ ಮಡಿಸಿ, ಮಡಿಕೆ ಬಿದ್ದ ಸಾಲು ಈಗ ಓದಲಿಕ್ಕೇ ಆಗಲ್ಲ. ಲಿಂಗನಮಕ್ಕಿ ಅಣೆಕಟ್ಟೆಯಲ್ಲಿ ನೀರು ನಿಂತ 1964ರಿಂದಲೂ ನಮ್ಮ ಕಡೆಯವರು ಬಾಯಿಮಾತು ನಂಬಿ ಜಮೀನು ಬಿಟ್ಟವರೇ. ಆಗ ಎದ್ದು ಬಂದವರ ಮೊಮ್ಮಕ್ಕಳು ಇವತ್ತಿಗೂ ಹಕ್ಕುಪತ್ರಕ್ಕೆ ಅಲೆಯುತ್ತಿದ್ದಾರೆ.

ಆ ಕೆಲಸ ಕೊಡಿಸಿ ಅಂತ ಚಿಕ್ಕಪ್ಪ ಹಾಕಿದ್ದ ಅರ್ಜಿಗೆ ಬಂದ ಹೈಕೋರ್ಟ್ ಆದೇಶವನ್ನು ಭಾನುವಾರ ಹೋಗಿ ಓದಿದೆ. ಇಂಗ್ಲಿಷಿನಲ್ಲಿ ಒಂಬತ್ತು ಪುಟ. ಎಂಟು ಪುಟ ಚಿಕ್ಕಪ್ಪನ ಕಷ್ಟವನ್ನೇ ಬರೆದಿದೆ. ಊರಲ್ಲಿ “ಗೆದ್ದೆ” ಅಂತ ಹೇಳಿಕೊಂಡು ಬಂದದ್ದು ಅದನ್ನು ನಂಬಿಯೇ. ಕೊನೇ ಪ್ಯಾರಾದಲ್ಲಿರುವುದು ಇಷ್ಟು: ಅರ್ಜಿದಾರರ ಮನವಿಯನ್ನು ಮೂರು ತಿಂಗಳೊಳಗೆ ಕಾನೂನಿನ ಪ್ರಕಾರ ಪರಿಗಣಿಸಿ.

ಇಲಾಖೆಯವರು ಪರಿಗಣಿಸಿದ್ದಾರೆ! ಮೂರು ತಿಂಗಳಿಗೆ ನಾಲ್ಕು ದಿನ ಇರುವಾಗ ಹಿಂಬರಹ, ಅಂದರೆ ಮನವಿಗೆ ಲಿಖಿತ ಉತ್ತರ, ಕಳಿಸಿದ್ದಾರೆ: “ಅವಕಾಶವಿಲ್ಲದ ಕಾರಣ ಮನವಿಯನ್ನು ತಿರಸ್ಕರಿಸಲಾಗಿದೆ.”

ಇದಕ್ಕೆ ನಿಂದನೆ ಕೇಸು ನಿಲ್ಲುವುದು ಕಷ್ಟ. 1971ರ ನ್ಯಾಯಾಂಗ ನಿಂದನೆ ಕಾಯ್ದೆ ಕೇಳುವುದು ಬೇಕಂತಲೇ ಆದೇಶ ಮೀರಿದರಾ ಅಂತ. ಮೊದಲ ಆದೇಶದಲ್ಲಿ ಇಲ್ಲದ್ದನ್ನು ನಿಂದನೆ ಪೀಠ ಹೊಸದಾಗಿ ಸೇರಿಸಿ ಕೊಡುವುದಿಲ್ಲ. ಏನೂ ಮಾಡದೆ ಫೈಲಿನ ಮೇಲೆ ಕೂತಿದ್ದರೆ ಮಾತು ಬೇರೆ; ಆಗ ನೋಟಿಸ್ ಹೋದ ವಾರಕ್ಕೇ ಫೈಲಿಗೆ ಕಾಲು ಬರುತ್ತದೆ. ಅಂಥ ಕೇಸು ಹಾಕಲಿಕ್ಕೂ ಒಂದು ವರ್ಷದ ಗಡುವಿದೆ. ಇನ್ನು ಜೈಲಿನ ಮಾತು. ಹೆಚ್ಚೆಂದರೆ ಆರು ತಿಂಗಳು, ದಂಡ ಹೆಚ್ಚೆಂದರೆ 2,000 ರೂಪಾಯಿ. ಬೇಷರತ್ ಕ್ಷಮೆ ಕೇಳಿ ಕೋರ್ಟಿಗೆ ಒಪ್ಪಿಗೆಯಾದರೆ ಅದೂ ಇಲ್ಲ. ವಕೀಲರನ್ನು ನೋಡಲು ಎರಡು ಸಲ ಬೆಂಗಳೂರಿಗೆ ಹೋಗಿ ಬಂದರೆ ಚಿಕ್ಕಪ್ಪನಿಗೆ ಆ ದಂಡಕ್ಕಿಂತ ಜಾಸ್ತಿ ಖರ್ಚಾಗುತ್ತದೆ.

ಕೋರ್ಟು ನೇರವಾಗಿ “ಕೊಡಿ” ಅನ್ನದಿರಲು ಕಾರಣವೂ ಇದೆ. 1894ರ ಭೂಸ್ವಾಧೀನ ಕಾಯ್ದೆಯಲ್ಲಿ ಪರಿಹಾರವಿತ್ತು, ನೌಕರಿಯ ಮಾತೇ ಇರಲಿಲ್ಲ. 2013ರ ಕಾಯ್ದೆಯ ಎರಡನೇ ಅನುಸೂಚಿಯಲ್ಲಿ ಬಂತು: ಯೋಜನೆಯಿಂದ ಉದ್ಯೋಗ ಸೃಷ್ಟಿಯಾದರೆ ಕುಟುಂಬಕ್ಕೊಂದು ಕೆಲಸ, ಇಲ್ಲವೇ ಒಂದೇ ಸಲ 5 ಲಕ್ಷ, ಇಲ್ಲವೇ ತಿಂಗಳಿಗೆ 2,000ದಂತೆ 20 ವರ್ಷ. ಚಿಕ್ಕಪ್ಪನ ಜಮೀನು ಹೋದದ್ದು ಹಳೇ ಕಾಯ್ದೆಯಲ್ಲಿ. ಹಾಗಾಗಿ ಕೈಯಲ್ಲಿ ಉಳಿದಿರುವುದು ಆ ಮಡಿಕೆ ಬಿದ್ದ ನಡಾವಳಿ ಒಂದೇ.

ನನಗೆ ಬೇಸರ ಇಲಾಖೆಯ ಮೇಲೆ ಮಾತ್ರ ಅಲ್ಲ. ಫೀಸು ತಗೊಂಡ ವಕೀಲರು “ಇದು ಗೆಲುವಲ್ಲ, ಇನ್ನೊಂದು ಅವಕಾಶ” ಅಂತ ಕನ್ನಡದಲ್ಲಿ ಒಂದು ಮಾತು ಹೇಳಬಹುದಿತ್ತು. ಹಿಂಬರಹ ಬರುವವರೆಗೂ ಮನೆಯವರು ಸಿಹಿ ಹಂಚಿದ ಭ್ರಮೆಯಲ್ಲೇ ಇದ್ದರು. ಈಗ ಮಾಡಬೇಕಾದ್ದು ಹಿಂಬರಹವನ್ನೇ ಪ್ರಶ್ನಿಸಿ ಹೈಕೋರ್ಟಿಗೆ ಹೊಸ ರಿಟ್ ಅರ್ಜಿ ಹಾಕುವುದು. ನಡಾವಳಿಯ ದೃಢೀಕೃತ ಪ್ರತಿಗೆ ಮಾಹಿತಿ ಹಕ್ಕಿನಲ್ಲಿ ಅರ್ಜಿ ಬರೆದುಕೊಟ್ಟು ಬಂದೆ.

ಎಲ್ಲ ಕೇಳಿಸಿಕೊಂಡು ಚಿಕ್ಕಪ್ಪ ಸುಮ್ಮನೆ ಎಲೆಗೆ ಸುಣ್ಣ ಹಚ್ಚುತ್ತಿದ್ದರು. ಒಳಗಿಂದ ಚಿಕ್ಕಮ್ಮ ಕೇಳಿದರು: “ಹುಡುಗನಿಗೆ ಈಗ್ಲೇ ಮೂವತ್ತೆಂಟು. ಅದು ಮುಗಿಯೋ ಹೊತ್ತಿಗೆ ಅವನಿಗೆ ಎಷ್ಟಾಗತ್ತೆ?”