ಗಂಜಲ ಎಲ್ಲಿಗೆ ಹೋಗುತ್ತಿದೆ?

"ಬೆಳೆ ಜೊತೆಗೆ ನಾಲ್ಕು ದನ ಕಟ್ಟಿ, ಎಲ್ಲ ಸರಿಹೋಗುತ್ತೆ" ಅಂತ ಸಲಹೆ ಕೊಡುವವರು ಈಗ ಜಾಸ್ತಿ. ಮಾತು ತಪ್ಪಲ್ಲ. ಆದರೆ ಎಷ್ಟೋ ಜಮೀನುಗಳಲ್ಲಿ ಬೆಳೆ ಮತ್ತು ದನ, ಒಂದೇ ಮನೆಯಲ್ಲಿದ್ದೂ ಮಾತು ಬಿಟ್ಟ ಅಣ್ಣತಮ್ಮಂದಿರ ಹಾಗೆ ಇರುತ್ತವೆ. ಮೇವು ಹೊರಗಿನಿಂದ ಬರುತ್ತದೆ. ಗೊಬ್ಬರ ಚೀಲದಲ್ಲಿ ಬರುತ್ತದೆ. ತಿಪ್ಪೆ ಮಾತ್ರ ಬಿಸಿಲಿಗೆ ಒಣಗುತ್ತಾ ಮೂಲೆಯಲ್ಲಿ ಬಿದ್ದಿರುತ್ತದೆ.

ಇಂಥ ಜಮೀನಿಗೆ ಹೋದರೆ ನಾನು ಮೊದಲು ನೋಡುವುದು ಕೊಟ್ಟಿಗೆಯ ನೆಲ.

ಯಾಕೆ ಅಂದರೆ, ಬೆಳೆಗೆ ಬೇಕಾದ ಮುಖ್ಯ ಆಹಾರ ಸಾರಜನಕ, ಪೊಟ್ಯಾಷ್, ರಂಜಕ. ಹಾಲು ಕೊಡುವ ಹಸು ಮೇವಿನಲ್ಲಿ ತಿಂದ ಸಾರಜನಕದಲ್ಲಿ ಹಾಲಿಗೆ ಹೋಗುವುದು ಸುಮಾರು ಕಾಲು ಭಾಗ ಅಷ್ಟೇ. ಮಿಕ್ಕಿದ್ದೆಲ್ಲ ಹಿಂದಿನಿಂದ ಹೊರಗೆ. ಅದರಲ್ಲೂ ಹೆಚ್ಚುಕಮ್ಮಿ ಅರ್ಧ ಇರುವುದು ಗಂಜಲದಲ್ಲಿ. ಪೊಟ್ಯಾಷ್ ಕೂಡ ಬಹುಪಾಲು ಗಂಜಲದಲ್ಲೇ ಹೋಗುತ್ತದೆ. ರಂಜಕ ಮಾತ್ರ ಸಗಣಿಯಲ್ಲಿ ಉಳಿಯುತ್ತದೆ. ನಾವು ಸಗಣಿಯನ್ನು ಬುಟ್ಟಿ ತುಂಬ ಬಾಚಿ, ಗಂಜಲವನ್ನು ನೀರು ಹೊಡೆದು ಚರಂಡಿಗೆ ಬಿಡುತ್ತೇವೆ. ನಾನೂ ವರ್ಷಗಟ್ಟಲೆ ಹಾಗೇ ಮಾಡಿದವನು. ಕೊಟ್ಟಿಗೆ ತೊಳೆದು ಕನ್ನಡಿ ಹಾಗೆ ಇಟ್ಟಿದ್ದೇನೆ ಅಂತ ಜಂಬ ಬೇರೆ!

ಬೆಳಗ್ಗೆ ಬಾಗಿಲು ತೆಗೆದ ಕೂಡಲೇ ಕಣ್ಣು ಉರಿಸುವ ಆ ಘಾಟು ಇದೆಯಲ್ಲ, ಅದು ಅಮೋನಿಯಾ. ಗಂಜಲದಲ್ಲಿರುವ ಯೂರಿಯಾ ಸಗಣಿಗೆ ತಾಗಿದರೆ ಸಾಕು, ಕೆಲವೇ ಗಂಟೆಗಳಲ್ಲಿ ಅಮೋನಿಯಾ ಆಗಿ ಹಾರಲು ಶುರು. 1913ರಲ್ಲಿ ಜರ್ಮನಿಯಲ್ಲಿ ಗಾಳಿಯ ಸಾರಜನಕವನ್ನು ಹಿಡಿದು ಅಮೋನಿಯಾ ಮಾಡುವ ದೊಡ್ಡ ಕಾರ್ಖಾನೆ ಶುರುವಾಯಿತು. ಚೀಲದ ಸಾರಜನಕ ಗೊಬ್ಬರ ಆಗುವುದು ಆ ಅಮೋನಿಯಾದಿಂದ. ಬೆಳೆಗೆ ದನದ ಹಂಗು ತಪ್ಪಿದ್ದು ಅಲ್ಲಿಂದಲೇ. ಅಷ್ಟು ಬೆಂಕಿ, ಅಷ್ಟು ಒತ್ತಡ ಹಾಕಿ ಗಾಳಿಯಿಂದ ಇಳಿಸಿದ್ದನ್ನು ನಾವು ದುಡ್ಡು ಕೊಟ್ಟು ತರುತ್ತೇವೆ. ಕೊಟ್ಟಿಗೆಯಲ್ಲಿ ಪುಕ್ಕಟೆ ಸಿಕ್ಕಿದ್ದನ್ನು ಗಾಳಿಗೆ ಬಿಡುತ್ತೇವೆ.

ಇದನ್ನು ತಡೆಯಲು ಯಂತ್ರ ಬೇಕಿಲ್ಲ. ದನ ತಿಂದು ಬಿಟ್ಟ ಹುಲ್ಲು, ಹೊಟ್ಟು, ಒಣ ಎಲೆಗಳನ್ನು ದನದ ಕಾಲ ಕೆಳಗೆ ದಪ್ಪಗೆ ಹಾಸಿದರೆ ಸಾಕು. ಹುಲ್ಲು ಗಂಜಲವನ್ನು ಹೀರುತ್ತದೆ. ಬರೀ ಹುಲ್ಲು ಕೊಳೆಯಲು ತಿಂಗಳುಗಟ್ಟಲೆ ಬೇಕು. ಗಂಜಲ ಕುಡಿದ ಹುಲ್ಲು ಬೇಗ ಕಳಿಯುತ್ತದೆ. ತಿಪ್ಪೆಗೆ ನೆರಳು, ಮಳೆಗೆ ಒಂದು ಮುಚ್ಚಿಗೆ ಇರಲಿ. ಒಳಗೆ 55 ಡಿಗ್ರಿ ದಾಟಿ ಕಾದರೆ ಕಳೆ ಬೀಜಗಳೂ ಬಹುಪಾಲು ಸಾಯುತ್ತವೆ. ಹಸಿ ಸಗಣಿ ಸುರಿದು, ಆಮೇಲೆ ಕಳೆ ಕೀಳುತ್ತಾ ಬೈದುಕೊಂಡರೆ ಏನು ಪ್ರಯೋಜನ?

ಇನ್ನು ಎಷ್ಟು ದನ? ಇದನ್ನು ಮೇವಿನ ಹೊಲ ಹೇಳಬೇಕು, ನಮ್ಮ ಆಸೆ ಅಲ್ಲ. 400 ಕೆಜಿ ತೂಗುವ ಹಸುವಿಗೆ ದಿನಕ್ಕೆ, ನೀರಿನಂಶ ಬಿಟ್ಟು, ಸುಮಾರು 10 ಕೆಜಿ ಮೇವು ಬೇಕು. ಹಸಿ ಹುಲ್ಲಿನಲ್ಲಿ ಮುಕ್ಕಾಲು ಭಾಗ ನೀರೇ. ಅಂದರೆ ಬರೀ ಹಸಿ ಹುಲ್ಲಾದರೆ 40 ಕೆಜಿ. 365ರಿಂದ ಗುಣಿಸಿ ನೋಡಿ. ಆಮೇಲೆ ಎರಡನೇ ಹಸು ತರೋಣ.

ಒಂದು ಎಚ್ಚರಿಕೆ ಮಾತ್ರ ಬಿಡಬಾರದು. ಮಳೆ ಕೈಕೊಟ್ಟು ಜೋಳ ಬಾಡಿದಾಗ "ಹೇಗೂ ಹೋಯ್ತು, ದನನಾದ್ರೂ ಮೇಯಲಿ" ಅನ್ನಿಸುತ್ತದೆ. ಬೇಡ. ಮೊಣಕಾಲೆತ್ತರದ ಎಳೆ ಜೋಳ, ಬಾಡಿದ ಜೋಳ, ಕೊಯ್ದ ಮೇಲೆ ಚಿಗುರಿದ ಕೂಳೆ, ಈ ಮೂರರಲ್ಲೂ ಸೈನೈಡ್ ವಿಷ ಹುಟ್ಟುತ್ತದೆ. ಹೊಟ್ಟೆ ತುಂಬ ಮೇಯ್ದ ದನ ಸ್ವಲ್ಪ ಹೊತ್ತಿನಲ್ಲೇ ಬಿದ್ದುಬಿಡಬಹುದು. ಡಾಕ್ಟರು ಬರುವಷ್ಟು ಸಮಯವೂ ಸಿಗುವುದಿಲ್ಲ.

ರಜೆ? ಅದನ್ನು ಮರೆತುಬಿಡಿ. ಬೆಳೆ ಎರಡು ದಿನ ಕಾಯುತ್ತದೆ. ಕೆಚ್ಚಲು ಕಾಯಲ್ಲ. ಕೊಯ್ಲು ಶುರುವಾದ ದಿನವೇ ಹಸು ಕರು ಹಾಕಲು ಕೂರುತ್ತದೆ. ನಮ್ಮಲ್ಲಿ ಹಾಗಾಗಿದ್ದು ಒಂದು ಸಲ ಅಲ್ಲ, ಮೂರು ಸಲ.