ಓಟು ಕೇಳಬಹುದು, ಹಾಕುವ ಹಾಗಿಲ್ಲ

1884ರಲ್ಲಿ ಬೆಲ್ವಾ ಲಾಕ್‌ವುಡ್ ಅನ್ನೋ ವಕೀಲೆ ಅಮೆರಿಕದ ಅಧ್ಯಕ್ಷ ಚುನಾವಣೆಗೆ ನಿಂತರು. ಪಕ್ಷ, ನ್ಯಾಷನಲ್ ಈಕ್ವಲ್ ರೈಟ್ಸ್ ಪಾರ್ಟಿ. ಎಲ್ಲ ಸರಿ, ಒಂದೇ ತಕರಾರು: ಹೆಂಗಸಾದ್ದರಿಂದ ಅಭ್ಯರ್ಥಿಗೇ ಓಟಿಲ್ಲ! ದೇಶ ಆಳೋಕೆ ನಿಲ್ಲಬಹುದು, ಮತಪೆಟ್ಟಿಗೆ ಹತ್ತಿರ ಮಾತ್ರ ಸುಳಿಯಬಾರದು. ಮದುಮಗಳನ್ನು ಮಂಟಪದಲ್ಲಿ ಕೂರಿಸಿ, ಊಟಕ್ಕೆ ಎಲೆ ಇಲ್ಲ ಅಂದ ಹಾಗೆ. ಅಧ್ಯಕ್ಷರಿಗೆ 35 ವರ್ಷ ಆಗಿರಬೇಕು ಅಂತೆಲ್ಲ ಸಂವಿಧಾನದಲ್ಲಿ ಬರೆದ ಹಿರಿಯರು, ಗಂಡಸೇ ಆಗಿರಬೇಕು ಅಂತ ಬರೆಯಲೇ ಇಲ್ಲ. ಪಾಪ, ಅದನ್ನೂ ಬರೆದಿಡಬೇಕು ಅಂತ ಯಾರಿಗೆ ಹೊಳೆದೀತು.

ಬೆಲ್ವಾಗೆ ಇದೆಲ್ಲ ಹೊಸದಲ್ಲ. ಕಾನೂನು ಓದಿ ಮುಗಿಸಿದರೆ ಕಾಲೇಜು ಡಿಪ್ಲೊಮಾ ಕೊಡಲಿಲ್ಲ. ಆ ಕಾಲೇಜಿನ ಮುಖ್ಯಸ್ಥರು ಅಂತ ಕಾಗದದಲ್ಲಿ ಇದ್ದದ್ದು ಸಾಕ್ಷಾತ್ ಅಧ್ಯಕ್ಷ ಗ್ರಾಂಟ್ ಹೆಸರು. 1873ರಲ್ಲಿ ಸೀದಾ ಅವರಿಗೇ ಪತ್ರ ಹೋಯಿತು: ನೀವು ಮುಖ್ಯಸ್ಥರಾಗಿದ್ದರೆ ನನ್ನ ಡಿಪ್ಲೊಮಾ ಕೊಡಿ, ಅಲ್ಲದಿದ್ದರೆ ಆ ಕಾಗದದಿಂದ ಹೆಸರು ತೆಗೆಸಿ. ಡಿಪ್ಲೊಮಾ ಬಂತು, ಗ್ರಾಂಟ್ ಸಹಿ ಸಮೇತ!

ಆಮೇಲೆ ವಕೀಲಿಕೆ ಮಾಡೋಕೆ ಕೋರ್ಟು. ಅಲ್ಲಿ ಒಬ್ಬ ನ್ಯಾಯಾಧೀಶರು ದಿಟ್ಟಿಸಿ ನೋಡಿ, ನೀವು ಹೆಂಗಸು ಅಂದರು. ಎಂಥಾ ಸಂಶೋಧನೆ! ಹೆಣ್ಣಾಗಿರೋದು ಅಪರಾಧ ಅಂತ ಅವತ್ತೇ ಗೊತ್ತಾಯಿತು, ಅಲ್ಲ ಅನ್ನೋಕೆ ಹೊತ್ತು ಮೀರಿತ್ತು, ಹಾಗಾಗಿ ತಪ್ಪೊಪ್ಪಿಕೊಂಡೆ ಅಂತ ಬೆಲ್ವಾ ಮುಂದೆ ಬರೆದುಕೊಂಡರು. ಸುಪ್ರೀಂ ಕೋರ್ಟೂ 1876ರಲ್ಲಿ ಬಾಗಿಲು ಹಾಕಿತು. ಈ ಹೆಂಗಸು ಸುಮ್ನೆ ಕೂರುವ ಪೈಕಿಯಲ್ಲ, ಕಾಂಗ್ರೆಸ್ಸಿನ, ಅಂದರೆ ಅಲ್ಲಿನ ಸಂಸತ್ತಿನ, ಬೆನ್ನು ಬಿದ್ದು ಹೊಸ ಕಾನೂನೇ ಮಾಡಿಸಿ, 1879ರಲ್ಲಿ ಅದೇ ಬಾಗಿಲಲ್ಲಿ ಒಳಗೆ ಹೋದರು.

ಚುನಾವಣೆ ಹೊತ್ತಿಗೆ ಗಂಡಸರಿಗೆ ಒಳ್ಳೆ ಮನರಂಜನೆ. ರಾಜಕೀಯ ಗಂಭೀರ ವಿಷಯ, ಅದು ಹೆಂಗಸರಿಗಲ್ಲ ಅಂದ ಅದೇ ಜಾತಿಯ ಮೀಸೆ ಹೊತ್ತವರು ದೊಗಲೆ ಗೌನು, ಹೆಂಗಸರ ಟೋಪಿ ತೊಟ್ಟು ಬೀದಿಯಲ್ಲಿ ಮೆರವಣಿಗೆ ಹೊರಟರು. ಅಣಕಿಸೋಕಂತೆ. ಗಾಂಭೀರ್ಯ ಅಂದರೆ ಇದೇ ಅಲ್ವಾ? ಬೆಲ್ವಾ ತಮ್ಮ ಮೂರು ಚಕ್ರದ ಸೈಕಲ್ ತುಳಿದುಕೊಂಡು ಕೆಲಸಕ್ಕೆ ಹೋಗುತ್ತಿದ್ದರು. ನನಗೆ ಓಟಿಲ್ಲ, ಆದರೆ ಬೇರೆಯವರು ನನಗೆ ಓಟು ಹಾಕೋದನ್ನು ತಡೆಯುವ ಕಾನೂನೂ ಇಲ್ಲ ಅನ್ನೋದೇ ಅವರ ವಾದ.

ನಾಲ್ಕು ಸಾವಿರಕ್ಕೂ ಜಾಸ್ತಿ ಓಟು ಬಿತ್ತು. ಪೆನ್ಸಿಲ್ವೇನಿಯಾದಲ್ಲಿ ತಮಗೆ ಬಿದ್ದ ಓಟುಗಳನ್ನು ಎಣಿಸದೆ ಕಸದ ಬುಟ್ಟಿಗೆ ಹಾಕಿದರು ಅಂತ ಕಾಂಗ್ರೆಸ್ಸಿಗೆ ದೂರು ಕೊಟ್ಟರು. ಹೆಂಗಸರ ಓಟಲ್ಲ ಕಣ್ರೀ ಅವು, ಅಧ್ಯಕ್ಷರ ಚುನಾವಣೆಯಲ್ಲಿ ಹೆಂಗಸರಿಗೆ ಓಟೇ ಇರಲಿಲ್ಲ. ಹಾಕಿದವರೂ ಗಂಡಸರು, ಬುಟ್ಟಿ ಹಿಡಿದವರೂ ಗಂಡಸರು.

1888ರಲ್ಲಿ ಮತ್ತೆ ನಿಂತರು. ಆಗಲೂ ಓಟು ಹಾಕುವ ಹಾಗಿಲ್ಲ.